ಕಾವ್ಯದ ರಣಭೂಮಿ, ಶಾಸನದ ಹೊಲ: ಬೆಳ್ವೊಲ ಮುನ್ನೂರರ ಯುದ್ಧಸಾಹಿತ್ಯದ ಮರುವಿಚಾರ

೧

ಹತ್ತು ಮತ್ತು ಹನ್ನೊಂದನೆಯ ಶತಮಾನಗಳ ಕನ್ನಡ ಸಾಹಿತ್ಯವನ್ನು ವೀರಯುಗದ ಸಾಹಿತ್ಯವೆಂದೂ ಕ್ಷಾತ್ರಯುಗದ ಸಾಹಿತ್ಯವೆಂದೂ ಕರೆಯುವ ರೂಢಿ ನಮ್ಮಲ್ಲಿ ಬಹುಕಾಲದಿಂದ ಇದೆ. ಪಂಪರನ್ನರ ಕಾವ್ಯಗಳು, ರಾಷ್ಟ್ರಕೂಟ ಮತ್ತು ಚಾಲುಕ್ಯ ಅರಸರ ಪ್ರಶಸ್ತಿಗಳು, ಊರೂರ ವೀರಗಲ್ಲುಗಳು, ಇವೆಲ್ಲ ಒಂದೇ ಮನೋಧರ್ಮದಿಂದ ಹುಟ್ಟಿದವೆಂಬುದು ಈ ರೂಢಿಯ ಹಿಂದಿರುವ ನಂಬಿಕೆ. ಕಾವ್ಯವು ಹೇಳಿದ್ದನ್ನು ಕಲ್ಲು ಸಮರ್ಥಿಸುತ್ತದೆ, ಕಲ್ಲಿನಲ್ಲಿ ಸಂಕ್ಷೇಪವಾಗಿ ಇದ್ದುದು ಕಾವ್ಯದಲ್ಲಿ ವಿಸ್ತಾರ ಪಡೆಯುತ್ತದೆ ಎಂದು ನಾವು ಪಾಠ ಹೇಳುತ್ತ ಬಂದಿದ್ದೇವೆ. ಈ ಅಭ್ಯಾಸದಲ್ಲಿ ಒಂದು ಸಾಮಾನ್ಯ ಸಂಗತಿ ಮರೆಗೆ ಸಂದಿದೆ. ಯುದ್ಧ ನಡೆದ ನೆಲವು ಯುದ್ಧಕ್ಕೆ ಮುಂಚೆ ಒಬ್ಬರ ಹೊಲವಾಗಿತ್ತು. ಯುದ್ಧವಾದ ಮೇಲೆಯೂ ಅದನ್ನು ಯಾರಾದರೂ ಉಳಲೇಬೇಕಾಗಿತ್ತು.

ಪ್ರಸ್ತುತ ಲೇಖನದಲ್ಲಿ ಈ ಸಂಗತಿಯನ್ನು ಮುಂದಿಟ್ಟುಕೊಂಡು ಒಂದು ಪ್ರಾಂತದ ಬರವಣಿಗೆಯನ್ನು ಪರಿಶೀಲಿಸಲಾಗಿದೆ. ಆ ಪ್ರಾಂತವೆಂದರೆ ಇಂದಿನ ಗದಗ, ಧಾರವಾಡ, ಕೊಪ್ಪಳ ಜಿಲ್ಲೆಗಳಲ್ಲಿ ಹರಡಿದ್ದ ಬೆಳ್ವೊಲ ಮುನ್ನೂರು. ಕಾವ್ಯದ ಯುದ್ಧವರ್ಣನೆಗೂ ಈ ನಾಡಿನ ಶಾಸನಗಳಲ್ಲಿ ಬರುವ ಯುದ್ಧದ ಮಾತಿಗೂ ಇರುವ ವ್ಯತ್ಯಾಸವು ಗಾತ್ರದ್ದಲ್ಲ, ದೃಷ್ಟಿಯದು ಎಂಬುದು ನಮ್ಮ ವಾದ. ಕಾವ್ಯದಲ್ಲಿ ಯುದ್ಧವು ಗೆಲವು ಅಥವಾ ಸಾವಿನಲ್ಲಿ ಮುಗಿಯುತ್ತದೆ. ಶಾಸನದಲ್ಲಿ ಅದು ಮುಗಿಯುವುದು ಕೆಟ್ಟುಹೋದುದನ್ನು ಮತ್ತೆ ನಿಲ್ಲಿಸಿದಾಗ ಮಾತ್ರ. ವೀರಯುಗವೆಂಬ ಹೆಸರು ಈ ಎರಡನೆಯ ದೃಷ್ಟಿಯನ್ನು ನಮ್ಮಿಂದ ಮರೆಮಾಡಿದೆ.

೨

ಈ ವಿಚಾರಕ್ಕೆ ಪ್ರವೇಶವನ್ನು ಕರ್ನಾಟಕದ ಹೊರಗಿನಿಂದ, ನಾಗಪುರದಿಂದಲೇ ಮಾಡುವುದು ಉಚಿತ. ಇಲ್ಲಿಯ ಹೆಸರಿನಿಂದ ಪ್ರಸಿದ್ಧವಾದ ಎರಡು ಶಾಸನಗಳು ಒಂದು ಗಡಿನಾಡಿನ ಎರಡು ಕಡೆಗಳನ್ನು ಪ್ರತಿನಿಧಿಸುತ್ತವೆ. ಮೊದಲನೆಯದು ಸೀತಾಬರ್ಡಿಯ ಕಂಬದ ಶಾಸನ. ಶಕ ೧೦೦೮ರ, ಅಂದರೆ ಕ್ರಿ.ಶ. ೧೦೮೭ರ ಈ ಸಂಸ್ಕೃತ ಶಾಸನವು ಕಲ್ಯಾಣ ಚಾಲುಕ್ಯರ ಆರನೆಯ ವಿಕ್ರಮಾದಿತ್ಯನ ಆಳಿಕೆಗೆ ಸೇರಿದ್ದು. ಲಟ್ಟಲೂರಿನಿಂದ ಬಂದ ರಾಷ್ಟ್ರಕೂಟ ವಂಶದ ಧಾಡಿಭಂಡಕನೆಂಬ ಮಹಾಸಾಮಂತನ ಹೆಸರು ಇದರಲ್ಲಿದೆ. ಎರಡನೆಯದು ವಿಕ್ರಮ ಸಂವತ್ಸರ ೧೧೬೧ರ, ಅಂದರೆ ಕ್ರಿ.ಶ. ೧೧೦೪ರ ನಾಗಪುರ ಪ್ರಶಸ್ತಿ. ಇದು ಚಾಲುಕ್ಯರ ಎದುರಾಳಿಗಳಾದ ಮಾಳವದ ಪರಮಾರರದು, ನರವರ್ಮನ ಕಾಲದ್ದು. ಚಾಲುಕ್ಯರಿಗೂ ಪರಮಾರರಿಗೂ ತಲೆಮಾರುಗಳ ಕಾಲ ನಡೆದ ಹೋರಾಟದಲ್ಲಿ ವಿದರ್ಭವು ನಡುವಣ ನೆಲ. ಎರೆಮಣ್ಣಿನ ಬೇಸಾಯದ ನಾಡು.

ಈ ಎರಡು ಶಾಸನಗಳ ಕೊನೆಯ ಭಾಗವನ್ನು ಗಮನಿಸಬೇಕು. ಸೀತಾಬರ್ಡಿಯ ಶಾಸನದ ಉದ್ದೇಶ ವಿಜಯಸ್ಮರಣೆಯಲ್ಲ. ಧಾಡಿಭಂಡಕನ ಕೈಕೆಳಗಿನ ಅಧಿಕಾರಿಯೊಬ್ಬನು ದನ ಮೇಯುವುದಕ್ಕಾಗಿ ನಿವರ್ತನದ ಲೆಕ್ಕದಲ್ಲಿ ನೆಲ ಬಿಟ್ಟುದನ್ನು ಅದು ದಾಖಲಿಸುತ್ತದೆ. ನಾಗಪುರ ಪ್ರಶಸ್ತಿಯು ನರವರ್ಮನ ಅಣ್ಣನಾದ ಲಕ್ಷ್ಮದೇವನು ದಿಕ್ಕುದಿಕ್ಕಿಗೆ ದಂಡೆತ್ತಿಹೋದುದನ್ನು ಭರ್ಜರಿಯಾಗಿ ವರ್ಣಿಸುತ್ತದೆ. ಆದರೆ ಕಲ್ಲನ್ನು ಕೊರೆಯಿಸಿದ ಕಾರಣ ಬೇರೆ. ಲಕ್ಷ್ಮದೇವನು ಕೊಟ್ಟಿದ್ದ ಎರಡು ಹಳ್ಳಿಗಳಿಗೆ ಬದಲಾಗಿ ನರವರ್ಮನು ಬೇರೊಂದು ಹಳ್ಳಿಯನ್ನು ಬಿಟ್ಟುಕೊಟ್ಟನೆಂಬುದೇ ಅದರ ವ್ಯವಹಾರ. ಸಂಪಾದಕರೂ ಇತಿಹಾಸಕಾರರೂ ಸಹಜವಾಗಿಯೇ ವಂಶಾವಳಿಗೂ ದಿಗ್ವಿಜಯಕ್ಕೂ ಹೆಚ್ಚು ಗಮನ ಕೊಟ್ಟರು. ಸಾಹಿತ್ಯ ವಿದ್ಯಾರ್ಥಿಗಳಾದ ನಾವಾದರೂ ಒಂದು ಪ್ರಶ್ನೆಯನ್ನು ಕೇಳಬೇಕಾಗಿತ್ತು: ಗಡಿಯ ಎರಡೂ ಕಡೆಯ ಕಲ್ಲುಗಳು ರಾಜರ ಕಾಳಗದಿಂದ ಮೊದಲಾಗಿ ಹುಲ್ಲುಗಾವಲಿನಲ್ಲಿ, ಹಳ್ಳಿಯಲ್ಲಿ, ಹೊಲದಲ್ಲಿ ಏಕೆ ಕೊನೆಗೊಳ್ಳುತ್ತವೆ? ಈ ಪ್ರಶ್ನೆಗೆ ಹೆಚ್ಚು ಸಾಮಗ್ರಿ ಇರುವುದು ಚಾಲುಕ್ಯ ರಾಜ್ಯದ ಇನ್ನೊಂದು ತುದಿಯಲ್ಲಿ, ತುಂಗಭದ್ರೆಯ ಉತ್ತರಕ್ಕೆ ಇರುವ ಬೆಳ್ವೊಲದಲ್ಲಿ. ಅದೂ ಎರೆಮಣ್ಣಿನ ನಾಡೇ.

೩

ಬೆಳ್ವೊಲವೆಂದರೆ ಬೆಳೆಯ ಹೊಲ. ನಾಡಿಗೆ ಪೈರಿನಿಂದಲೇ ಹೆಸರು ಬಂದಿದೆ. ಅಣ್ಣಿಗೇರಿ ಅದರ ರಾಜಧಾನಿ. ಲೊಕ್ಕಿಗುಂಡಿ, ಗದಗು, ಕುಕ್ಕನೂರು ಅದರ ಮುಖ್ಯ ಸ್ಥಳಗಳು. ಪಕ್ಕದ ಪುಲಿಗೆರೆ ಮುನ್ನೂರರೊಡನೆ ಸೇರಿ ಇದು 'ಎರಡರುನೂರು' ಎಂದು ಶಾಸನಗಳಲ್ಲಿ ಕಾಣಿಸಿಕೊಳ್ಳುತ್ತದೆ. ಕವಿರಾಜಮಾರ್ಗವು ಕನ್ನಡದ ತಿರುಳು ಎಂದು ಗುರುತಿಸುವ ಭಾಗವೂ ಇದರ ಆಸುಪಾಸಿನದೇ. ಪಂಪನ ತಾಯಿ ಅಬ್ಬಣಬ್ಬೆಯ ಮನೆತನವು ಅಣ್ಣಿಗೇರಿಯದೆಂಬುದನ್ನು ಅವನ ತಮ್ಮ ಜಿನವಲ್ಲಭನ ಕುರಿಕ್ಯಾಲ ಶಾಸನವು ತಿಳಿಸುತ್ತದೆ. ಕುಮಾರವ್ಯಾಸನ ಕಾವ್ಯಕ್ಕೆ ಗದುಗಿನ ಭಾರತವೆಂದೇ ಹೆಸರು. ಕನ್ನಡದ ಎರಡು ಮಹಾಭಾರತಗಳಿಗೂ ಹೀಗೆ ಈ ನೆಲದ ನಂಟು ಉಂಟು.

ಇಂತಹ ಫಲವತ್ತಾದ ನಾಡು ರಾಜಕೀಯದಲ್ಲಿ ಪದೇಪದೇ ಯುದ್ಧದ ಬಹುಮಾನವಾಗಿ ಕಾಣಿಸಿಕೊಳ್ಳುತ್ತದೆ. ಕ್ರಿ.ಶ. ೯೪೯ರಲ್ಲಿ ತಕ್ಕೋಲಂ ಯುದ್ಧದಲ್ಲಿ ಚೋಳ ರಾಜಾದಿತ್ಯನನ್ನು ಕೊಂದುದಕ್ಕಾಗಿ ಗಂಗ ಬೂತುಗನಿಗೆ ರಾಷ್ಟ್ರಕೂಟ ಮೂರನೆಯ ಕೃಷ್ಣನು ಬನವಾಸಿ ಪನ್ನಿರ್ಛಾಸಿರ, ಬೆಳ್ವೊಲ ಮುನ್ನೂರು, ಪುಲಿಗೆರೆ ಮುನ್ನೂರು, ಕಿಸುಕಾಡು ಎಪ್ಪತ್ತು, ಬಾಗೆನಾಡು ಎಪ್ಪತ್ತು ಇಷ್ಟನ್ನೂ ಕೊಟ್ಟನೆಂದು ಆತಕೂರು ಶಾಸನವು ಹೇಳುತ್ತದೆ. ಇದೇ ಕಲ್ಲಿನಲ್ಲಿ ಬೂತುಗನ ಭಟನಾದ ಮಣಲೇರನ ಕಾಳಿ ಎಂಬ ನಾಯಿಯು ಹಂದಿಯೊಡನೆ ಹೋರಾಡಿ ಮಡಿದ ಕತೆಯೂ ಅದರ ನೆನಪಿಗೆ ಬಿಟ್ಟ ಭೂಮಿಯ ವಿವರವೂ ಇವೆ. ಸತ್ತ ನಾಯಿಯ ಹೆಸರಿನಲ್ಲಿ ಬಿಟ್ಟ ತುಂಡು ನೆಲಕ್ಕೆ ಶಾಸನವು ಕಾಪಿಡುವ ಕಟ್ಟಳೆಗಳನ್ನು ವಿಧಿಸುತ್ತದೆ. ಮುನ್ನೂರು ಹಳ್ಳಿಗಳ ನಾಡಿನ ಕೈಬದಲಾವಣೆಗೆ ಒಂದು ವಾಕ್ಯದ ಭಾಗ ಸಾಕಾಗಿದೆ. ಗಡಿಪ್ರಾಂತದ ಬದುಕು ರಾಜಕೀಯದ ಭಾಷೆಯಲ್ಲಿ ಎಷ್ಟು ಹಗುರವಾಗಿ ತೂಗುತ್ತಿತ್ತೆಂಬುದಕ್ಕೆ ಇದೊಂದು ನಿದರ್ಶನ.

ಬೂತುಗನು ತನಗೆ ಬಂದ ಬೆಳ್ವೊಲದ ಅಣ್ಣಿಗೇರಿಯಲ್ಲಿ ಒಂದು ಬಸದಿಯನ್ನು ಕಟ್ಟಿಸಿದನು. ಆ ಬಸದಿಯ ಮುಂದಿನ ಚರಿತ್ರೆಯೇ ನಮ್ಮ ವಿಚಾರದ ನಡುಗಂಬ. ಅದಕ್ಕೆ ಬರುವ ಮೊದಲು ಕಾವ್ಯದ ಪದ್ಧತಿಯನ್ನು ನೋಡಬೇಕು.

೪

ಮಹಾಕಾವ್ಯದ ವರ್ಣನೆಗಳಲ್ಲಿ ನಾಡಿನ ವರ್ಣನೆಯೂ ಇದೆ, ಯುದ್ಧದ ವರ್ಣನೆಯೂ ಇದೆ. ನಾಡಿನ ವರ್ಣನೆಯಲ್ಲಿ ತುಂಬಿದ ಕೆರೆ, ಬಾಗಿದ ಬತ್ತದ ತೆನೆ, ಗಿಳಿಗಳನ್ನು ಸೋವುವ ಪಾಮರಿಯರು ಬರುತ್ತಾರೆ. ಯುದ್ಧದ ವರ್ಣನೆಯಲ್ಲಿ ಆನೆ, ಕುದುರೆ, ಬಾಣದ ಮಳೆ, ರಕ್ತದ ಹೊಳೆ ಬರುತ್ತವೆ. ಇವೆರಡೂ ಕಾವ್ಯದಲ್ಲಿ ಸಾಮಾನ್ಯವಾಗಿ ಬೇರೆ ಬೇರೆ ಆಶ್ವಾಸಗಳಲ್ಲಿ ಇರುತ್ತವೆ. ಮೊದಲ ಆಶ್ವಾಸದ ಗದ್ದೆಯ ಮೇಲೆಯೇ ಕೊನೆಯ ಆಶ್ವಾಸದ ಸೇನೆ ಹಾದುಹೋಗಬೇಕಾಗಿತ್ತಷ್ಟೆ? ಆ ದಾರಿಯನ್ನು ಕಾವ್ಯವು ತೋರಿಸುವುದು ತೀರ ಅಪೂರ್ವ. ಕುರುಕ್ಷೇತ್ರವೆಂಬ ಹೆಸರಿನಲ್ಲಿಯೇ ಕ್ಷೇತ್ರ ಇದೆ. ಕುರುವೆಂಬ ಅರಸನು ಉತ್ತ ನೆಲ ಅದೆಂದು ವ್ಯಾಸಭಾರತದ ಶಲ್ಯಪರ್ವವು ಹೇಳುತ್ತದೆ. ಯುದ್ಧಕಾವ್ಯದ ಸಂಪ್ರದಾಯವು ಕುರುವಿನ ನೇಗಿಲನ್ನು ನೆನಪಿಟ್ಟುಕೊಂಡಿಲ್ಲ.

ವಿರಾಟನಗರದ ಗೋಗ್ರಹಣದ ಪ್ರಸಂಗ ಇನ್ನೂ ಸ್ಪಷ್ಟವಾದ ಉದಾಹರಣೆ. ಮಹಾಭಾರತದ ಎಲ್ಲ ಯುದ್ಧಗಳಲ್ಲಿ ಕರ್ನಾಟಕದ ಹಳ್ಳಿಗಳ ಅನುಭವಕ್ಕೆ ಅತ್ಯಂತ ಹತ್ತಿರವಾದುದು ಇದು, ಏಕೆಂದರೆ ತುರುಗೋಳು ಇಲ್ಲಿಯ ವೀರಗಲ್ಲುಗಳ ಬಹುಸಾಮಾನ್ಯ ವಸ್ತು. ಪ್ರಸಂಗವು ಗೋವಳನ ಮೊರೆಯಿಂದ ಪ್ರಾರಂಭವಾಗುತ್ತದೆ. ದನ ಹೋದುವೆಂದು ಅರಮನೆಗೆ ಓಡಿಬಂದ ಅವನು ಸುದ್ದಿ ಹೇಳುತ್ತಾನೆ. ಆಮೇಲೆ ಕತೆ ಉತ್ತರಕುಮಾರನದು, ಬೃಹನ್ನಳೆಯ ವೇಷದ ಅರ್ಜುನನದು. ಗೋವಳನು ಸುದ್ದಿ ಮುಟ್ಟಿಸಿದೊಡನೆ ಕಾವ್ಯದಿಂದ ನಿರ್ಗಮಿಸುತ್ತಾನೆ. ದನಗಳು ಮರಳಿ ಬರುತ್ತವೆ, ಆದರೆ ಅವು ಅರ್ಜುನನ ಪ್ರಕಟವಾಗುವಿಕೆಗೆ ಒದಗಿದ ನೆಪಗಳಾಗಿರುತ್ತವೆ.

ಊರ ಹೊರಗಿನ ವೀರಗಲ್ಲಿನಲ್ಲಿ ಈ ಕ್ರಮ ತಲೆಕೆಳಗಾಗಿದೆ. ಅಲ್ಲಿ ಓಡಿಹೋಗಿ ಸುದ್ದಿ ಹೇಳುವವನಿಲ್ಲ. ಹೇಳಿಸಿಕೊಳ್ಳುವ ಅರಮನೆಯೂ ಹತ್ತಿರವಿಲ್ಲ. ದನಗಳ ಹಿಂದೆ ಓಡಿದವನೇ ಸತ್ತಿದ್ದಾನೆ, ಅವನೇ ಕಲ್ಲಿನ ಕೇಂದ್ರದಲ್ಲಿದ್ದಾನೆ. ಕೆಳಗಿನ ಪಟ್ಟಿಕೆಯಲ್ಲಿ ದನಗಳ ಸಾಲನ್ನು ಶಿಲ್ಪಿ ಕೊರೆದಿದ್ದಾನೆ. ನಡುವಿನದರಲ್ಲಿ ಅಪ್ಸರೆಯರು ವೀರನನ್ನು ಕೊಂಡೊಯ್ಯುತ್ತಾರೆ. ಮೇಲಿನದರಲ್ಲಿ ಅವನು ಶಿವನ ಅಥವಾ ಜಿನನ ಸಾನ್ನಿಧ್ಯದಲ್ಲಿದ್ದಾನೆ. ತುರುಗೋಳ್, ಊರಳಿವು, ಪೆಣ್ಬುಯ್ಯಲ್ ಎಂಬ ಮೂರು ಪದಗಳು ಈ ಕಲ್ಲುಗಳಲ್ಲಿ ಮತ್ತೆ ಮತ್ತೆ ಬರುತ್ತವೆ. ದನ ಹಿಡಿಯುವುದು, ಊರು ಹಾಳಾಗುವುದು, ಹೆಣ್ಣಿನ ಹುಯ್ಯಲು. ಈ ಮೂರೂ ದಾಳಿಗೊಳಗಾದ ಊರಿನ ಕಡೆಯಿಂದ ಯುದ್ಧಕ್ಕೆ ಇಟ್ಟ ಹೆಸರುಗಳು. ಕಾವ್ಯದಲ್ಲಿ ಯುದ್ಧವನ್ನು ಗೆಲ್ಲುವವನ ಹೆಸರಿನಿಂದ ಕರೆಯುತ್ತೇವೆ. ಇಲ್ಲಿ ಊರು ಏನನ್ನು ಕಳೆದುಕೊಂಡಿತೋ ಅದರಿಂದ ಯುದ್ಧಕ್ಕೆ ಹೆಸರು. ಎಂ. ಚಿದಾನಂದಮೂರ್ತಿಯವರು ೧೯೬೬ರಲ್ಲಿ ಪ್ರಕಟವಾದ 'ಕನ್ನಡ ಶಾಸನಗಳ ಸಾಂಸ್ಕೃತಿಕ ಅಧ್ಯಯನ'ದಲ್ಲಿ ಶಾಸನಗಳ ಇಂತಹ ಲೋಕವನ್ನು ವಿಸ್ತಾರವಾಗಿ ತೆರೆದಿಟ್ಟರು. ಅದರ ಸಾಹಿತ್ಯಿಕ ಫಲಿತಾರ್ಥವನ್ನು ವಿಮರ್ಶೆಯು ಇನ್ನೂ ಪೂರ್ತಿಯಾಗಿ ಪಡೆದುಕೊಂಡಿಲ್ಲವೆಂದು ನಮಗೆ ತೋರುತ್ತದೆ.

ಸತ್ತವನ ಮನೆಯವರಿಗೆ ಬಿಡುತ್ತಿದ್ದ ಭೂಮಿಗೆ ನೆತ್ತರುಗೊಡಗೆ ಎಂದು ಹೆಸರು. ಕೆರೆಯ ಏರಿಯನ್ನು ಕಟ್ಟಿ ಕಾಯುವವರಿಗೆ ಬಿಡುತ್ತಿದ್ದುದು ಕಟ್ಟುಗೊಡಗೆ, ಕೆರೆಗೊಡಗೆ. ಒಂದು ರಕ್ತದ ಋಣಕ್ಕೆ, ಇನ್ನೊಂದು ನೀರಿನ ಋಣಕ್ಕೆ. ಎರಡಕ್ಕೂ ಪ್ರತ್ಯಯ ಒಂದೇ, ಪ್ರತಿಫಲವೂ ಒಂದೇ: ಉಳುವ ನೆಲ. ಊರಿಗಾಗಿ ಸಾಯುವುದನ್ನೂ ಊರ ಕೆರೆಯನ್ನು ಕಾಯುವುದನ್ನೂ ಒಂದೇ ಅಳತೆಗೋಲಿನಿಂದ ಅಳೆದ ಸಮಾಜದ ಭಾಷೆ ಇದು. ಇದನ್ನು ಬರಿಯ ವೀರಯುಗದ ಭಾಷೆಯೆಂದು ಕರೆದರೆ ಅರ್ಧವನ್ನು ಮಾತ್ರ ಹೇಳಿದಂತಾಗುತ್ತದೆ.

೫

ಕಾವ್ಯಕ್ಕೂ ಶಾಸನಕ್ಕೂ ನಾಯಕನು ಒಬ್ಬನೇ ಆದಾಗ ದೃಷ್ಟಿಭೇದವು ಇನ್ನಷ್ಟು ನಿಚ್ಚಳವಾಗುತ್ತದೆ. ಚಾಲುಕ್ಯ ಸತ್ಯಾಶ್ರಯ ಇರಿವಬೆಡಂಗನು ಅಂತಹ ನಾಯಕ. ರನ್ನನ 'ಗದಾಯುದ್ಧ'ವು ಇವನನ್ನು ಭೀಮನೊಡನೆ ಸಮೀಕರಿಸುತ್ತದೆ. ಶಕ ೯೨೯ರ, ಅಂದರೆ ಕ್ರಿ.ಶ. ೧೦೦೭ರ ಹೊಟ್ಟೂರು ಶಾಸನವು ಇವನನ್ನೇ 'ತಿಗುಳಮಾರಿ' ಎಂದು ಕರೆಯುತ್ತದೆ. ಕಾವ್ಯದಲ್ಲಿ ಪ್ರತಿಜ್ಞೆಯಿದೆ, ಮುಡಿಯಿದೆ, ತೊಡೆಯಿದೆ. ಹಗೆತನವು ಎರಡು ಮನೆತನಗಳ ನಡುವೆ ಬೆಳೆದು ಗದೆಯಲ್ಲಿ ತೀರುತ್ತದೆ. ದುರ್ಯೋಧನನು ಹೆಣಗಳ ನಡುವೆ ನಡೆಯುವ ಭಾಗದಲ್ಲಿ ರನ್ನನ ಕರುಣೆ ಅಪಾರವಾಗಿದೆ. ಆ ಕರುಣೆಗೆ ಪಾತ್ರರಾದವರು ಗುರು, ಮಗ, ತಮ್ಮ, ಗೆಳೆಯ.

ಹೊಟ್ಟೂರು ಶಾಸನದ ಯುದ್ಧವೇ ಬೇರೆ. ಚೋಳನು ಒಂಬತ್ತು ಲಕ್ಷ ದಂಡಿನೊಡನೆ ಬಂದು ದೋಣವೂರಿನಲ್ಲಿ ಬೀಡುಬಿಟ್ಟು ನಾಡನ್ನೆಲ್ಲ ಸೂರೆಮಾಡಿದನು. ಹೆಂಗಸರನ್ನೂ ಮಕ್ಕಳನ್ನೂ ಬ್ರಾಹ್ಮಣರನ್ನೂ ಕೊಂದನು. ಹೆಣ್ಣುಗಳನ್ನು ಸೆರೆಹಿಡಿದು ಜಾತಿಗೆಡಿಸಿದನು ಎಂದು ಅದು ಹೇಳುತ್ತದೆ. ಒಂಬತ್ತು ಲಕ್ಷವೆಂಬುದು ಎಣಿಸಿದ ಸಂಖ್ಯೆಯಲ್ಲ, ಭಯದ ಸಂಖ್ಯೆ. ಇದೇ ೧೦೦೭ರಲ್ಲಿ ಬೆಳ್ವೊಲದ ಲೊಕ್ಕಿಗುಂಡಿಯಲ್ಲಿ ಅತ್ತಿಮಬ್ಬೆಯ ಬಸದಿಯ ಶಾಸನವು ಹುಟ್ಟಿತು. ಒಂದೇ ವರ್ಷ, ಒಬ್ಬನೇ ಅರಸನ ಆಳಿಕೆ, ಒಂದೆರಡು ದಿನದ ದಾರಿಯಷ್ಟು ಅಂತರ. ಒಂದು ಕಲ್ಲು ಹಾಳಾದುದನ್ನು ಹೇಳಿದರೆ ಇನ್ನೊಂದು ಕಟ್ಟಿದುದನ್ನು ಹೇಳುತ್ತದೆ. ಗಡಿನಾಡಿನ ಜೀವನವು ಈ ಎರಡು ಕಲ್ಲುಗಳ ನಡುವೆ ಎಲ್ಲೋ ಇತ್ತೆಂದು ಊಹಿಸಬೇಕು.

ಈ ಯುದ್ಧವು ಎದುರು ಪಕ್ಷದ ಬರವಣಿಗೆಯಲ್ಲಿ ಹೇಗೆ ಕಾಣುತ್ತದೆ? ತಂಜಾವೂರಿನ ರಾಜರಾಜೇಶ್ವರ ದೇವಾಲಯದ ತಮಿಳು ಶಾಸನಗಳಲ್ಲಿ, ರಾಜರಾಜನು ಸತ್ಯಾಶ್ರಯನನ್ನು ಗೆದ್ದು ಬಂದಾಗ ದೇವರಿಗೆ ಒಪ್ಪಿಸಿದ ಚಿನ್ನದ ಹೂಗಳ ಪಟ್ಟಿಯಿದೆ. ತೂಕ ಮತ್ತು ಸಂಖ್ಯೆಗಳನ್ನು ಬಿಟ್ಟರೆ ಅಲ್ಲಿ ಬೇರೆ ಭಾವವಿಲ್ಲ. ಹೊಟ್ಟೂರಿನಲ್ಲಿ ಹುಯ್ಯಲಾಗಿರುವುದು ತಂಜಾವೂರಿನಲ್ಲಿ ಹೂವಾಗಿದೆ. ಒಂದು ಕಲ್ಲನ್ನು ಮಾತ್ರ ಓದುವವನಿಗೆ ಯುದ್ಧವು ಅರ್ಥವಾಗುವುದಿಲ್ಲ.

ಹೊಟ್ಟೂರಿನ ಆಪಾದನೆಯ ಶಬ್ದಗಳನ್ನೂ ಸಾಹಿತ್ಯವಿಮರ್ಶೆಯ ಕಣ್ಣಿನಿಂದ ನೋಡುವುದು ಅಗತ್ಯ. ದಾನಶಾಸನಗಳ ಕೊನೆಯ ಶಾಪಾಶಯದಲ್ಲಿ, ಈ ಧರ್ಮಕ್ಕೆ ಅಳುಪಿದವನು ವಾರಣಾಸಿಯಲ್ಲಿ, ಕುರುಕ್ಷೇತ್ರದಲ್ಲಿ ಕವಿಲೆಗಳನ್ನೂ ಬ್ರಾಹ್ಮಣರನ್ನೂ ಕೊಂದ ಪಾಪಕ್ಕೆ ಹೋಗುತ್ತಾನೆಂಬ ಮಾತು ಬರುತ್ತದೆ; ಕೆಲವೆಡೆ ಸ್ತ್ರೀಹತ್ಯೆ, ಶಿಶುಹತ್ಯೆಗಳೂ ಸೇರುತ್ತವೆ. ಹೊಟ್ಟೂರಿನ ಕವಿಯು ಚೋಳನ ಮೇಲೆ ಹೊರಿಸುವ ಪಾಪಗಳ ಪಟ್ಟಿ ಇದಕ್ಕೆ ತೀರ ಸಮೀಪವಾಗಿದೆ. ಶಾಪಾಶಯವು ಯಾರೂ ಮಾಡಬಾರದೆಂದು ಹೇಳಿದ್ದನ್ನು ಮಾಡಿಯೇ ಬಿಟ್ಟವನಂತೆ ಶತ್ರು ಇಲ್ಲಿ ಚಿತ್ರಿತನಾಗಿದ್ದಾನೆ. ಆದುದರಿಂದ ಈ ವಾಕ್ಯಗಳು ಸುಳ್ಳೆಂದು ನಾವು ಹೇಳುತ್ತಿಲ್ಲ. ನಡೆದುದನ್ನು ಹೇಳಲು ಕವಿಗೆ ದಾನಶಾಸನದ ಭಾಷೆಯೇ ಕೈಗೆ ಸಿಕ್ಕಿತು. ಭೂಮಿಯ ಹಕ್ಕನ್ನು ಕಾಯುವ ಭಾಷೆಯೇ ಯುದ್ಧದ ಅನ್ಯಾಯವನ್ನು ಅಳೆಯುವ ಭಾಷೆಯೂ ಆಯಿತು ಎಂಬುದು ನಮ್ಮ ತಾತ್ಪರ್ಯ. ಇದು ಪ್ರಶಸ್ತಿಕಾವ್ಯದಲ್ಲಿ ದೊರೆಯದ ಅಳತೆ.

೬

ಈಗ ಅಣ್ಣಿಗೇರಿಯ ಬಸದಿಗೆ ಬರೋಣ. ೧೦೭೧-೭೨ರ ಗಾವರವಾಡದ ಶಾಸನವು ಅದರ ಕತೆಯನ್ನು ಕ್ರಮವಾಗಿ ಹೇಳುತ್ತದೆ. ಗಂಗ ಪೆರ್ಮಾಡಿಯು ಬೆಳ್ವೊಲವನ್ನು ಆಳುವಾಗ ಕಟ್ಟಿಸಿದ ಬಸದಿ ಅದು. ಮುಂದೆ ಚೋಳನು ತನ್ನ ಕುಲಾಚಾರವನ್ನು ಬಿಟ್ಟು ಬೆಳ್ವೊಲದಲ್ಲಿ ಕಾಲಿಟ್ಟು ದೇವಾಲಯಗಳನ್ನು ಸುಟ್ಟನು. ಕೊನೆಗೆ ಕಾಳಗದಲ್ಲಿ ಚಾಲುಕ್ಯ ಸೋಮೇಶ್ವರನ ಕಡೆಯವರಿಗೆ ತಲೆಗೊಟ್ಟನು. ಈ ಚೋಳನನ್ನು ೧೦೫೪ರ ಕೊಪ್ಪಂ ಯುದ್ಧದಲ್ಲಿ ಆನೆಯ ಮೇಲೆಯೇ ಮಡಿದ ರಾಜಾಧಿರಾಜನೆಂದು ಇತಿಹಾಸಕಾರರು ಗುರುತಿಸಿದ್ದಾರೆ. ಪ್ರಶಸ್ತಿಯಾಗಿದ್ದರೆ ಶತ್ರುವಿನ ತಲೆ ಬಿದ್ದಲ್ಲಿಗೆ ಕತೆ ಮುಗಿಯಬೇಕಾಗಿತ್ತು. ಗಾವರವಾಡದ ಶಾಸನಕ್ಕೆ ಅದು ನಡುವಿನ ಒಂದು ಘಟ್ಟ. ಇಮ್ಮಡಿ ಸೋಮೇಶ್ವರನ ಕಾಲದಲ್ಲಿ ಬೆಳ್ವೊಲ ಮತ್ತು ಪುಲಿಗೆರೆಗಳನ್ನು ಆಳುತ್ತಿದ್ದ ಮಹಾಮಂಡಲೇಶ್ವರ ಲಕ್ಷ್ಮರಸನು ಹಾಳಾದ ಬಸದಿಯನ್ನು ಮತ್ತೆ ಎತ್ತಿ ನಿಲ್ಲಿಸಿ, ಅದರ ವೃತ್ತಿಯನ್ನು ಮತ್ತೆ ಬಿಡಿಸಿಕೊಟ್ಟಾಗ ಕತೆಗೆ ನಿಲುಗಡೆ ದೊರೆಯುತ್ತದೆ.

ಗೆಲವಿಗೂ ಪುನಃಸ್ಥಾಪನೆಗೂ ನಡುವೆ ಹದಿನೇಳು ವರ್ಷಗಳು ಸಂದಿವೆ. ಯುದ್ಧ ಗೆದ್ದ ರಾಜ್ಯದ ಫಲವತ್ತಾದ ನಾಡಿನಲ್ಲಿಯೇ ಒಂದು ಸಂಸ್ಥೆ ತನ್ನ ಭೂಮಿಯೊಡನೆ ಎದ್ದು ನಿಲ್ಲಲು ಇಷ್ಟು ಕಾಲ ಹಿಡಿಯಿತು. ಬಸದಿಯ ವೃತ್ತಿಯೆಂದರೆ ಅದನ್ನು ಉಳುವ ಒಕ್ಕಲು, ಅದರ ಗಾಣ, ಅದರ ತೋಟ, ಅದರಿಂದ ನಡೆಯುವ ಅನ್ನದಾನ. ಈ ಎಲ್ಲದರ ಹದಿನೇಳು ವರ್ಷಗಳನ್ನು ಶಾಸನವು ವರ್ಣಿಸುವುದಿಲ್ಲ. ಹಾಳಾದುದು, ಎತ್ತಿದುದು ಎಂಬ ಎರಡು ಕ್ರಿಯಾಪದಗಳ ನಡುವೆ ಅವು ಅಡಗಿವೆ. ಯುದ್ಧದ ನಿಜವಾದ ಉದ್ದವನ್ನು ಹೇಳುವುದು ಈ ಅಂತರವೇ.

ಒಂದು ಶತಮಾನದ ಬಳಿಕ ಇದೇ ನಾಡಿನಲ್ಲಿ ಸೇವುಣರಿಗೂ ಹೊಯ್ಸಳರಿಗೂ ಕಾದಾಟ ನಡೆಯಿತು. ಸೊರಟೂರು, ಲೊಕ್ಕಿಗುಂಡಿಗಳು ಅದರ ರಂಗಸ್ಥಳಗಳು. ಸೇವುಣ ಭಿಲ್ಲಮನು ೧೧೯೧ರಲ್ಲಿ ಗದುಗಿನ ತ್ರಿಕೂಟೇಶ್ವರನಿಗೆ ಹಿರಿಯ ಹಂದಿಗೋಳವನ್ನು ಬಿಟ್ಟನು. ಅವನನ್ನು ಸೋಲಿಸಿದ ಹೊಯ್ಸಳ ಇಮ್ಮಡಿ ಬಲ್ಲಾಳನು ೧೧೯೨ರಲ್ಲಿ ಅದೇ ದೇವರಿಗೆ ಹೊಂಬಳಲನ್ನು ಬಿಟ್ಟನು. ಎರಡೂ ಶಾಸನಗಳಲ್ಲಿ ದಾನವನ್ನು ಪಡೆಯುವ ಸ್ಥಾನಾಚಾರ್ಯನು ಸಿದ್ಧಾಂತಿ ಚಂದ್ರಭೂಷಣ ಪಂಡಿತನೇ. ರಾಜರು ಬದಲಾದರು, ದೇವರು, ಆಚಾರ್ಯ, ಊರು, ಹೊಲ ಇದ್ದಲ್ಲಿಯೇ ಇದ್ದವು. ಗೆದ್ದವನು ಕೂಡ ಈ ನಿರಂತರತೆಗೆ ತನ್ನ ಹೆಸರನ್ನು ಸೇರಿಸಿಕೊಂಡಾಗಲೇ ನಾಡಿನ ಒಡೆಯನಾಗುತ್ತಿದ್ದನು.

ಈ ತಿಳಿವಳಿಕೆ ಶಾಸನಗಳ ಸಿದ್ಧವಾಕ್ಯಗಳಲ್ಲಿಯೂ ಇದೆ. ತಾನು ಕೊಡುವುದಕ್ಕಿಂತ ಮತ್ತೊಬ್ಬರು ಕೊಟ್ಟುದನ್ನು ಕಾಯುವುದೇ ಹೆಚ್ಚಿನದೆಂಬ ಶ್ಲೋಕ, ತನ್ನ ವಂಶದವರಾಗಲಿ ಅನ್ಯವಂಶದವರಾಗಲಿ ಮುಂದೆ ಬರುವ ಅರಸರು ಈ ಧರ್ಮವನ್ನು ನಡೆಸಬೇಕೆಂದು ಕೈಮುಗಿಯುವ ಶ್ಲೋಕ, ಇವನ್ನು ನಾವು ಯಾಂತ್ರಿಕವೆಂದು ಎಣಿಸಿ ಓದದೆ ದಾಟಿಬಿಡುತ್ತೇವೆ. ಗಡಿನಾಡಿನಲ್ಲಿ ಈ ಮಾತುಗಳ ಬೆಲೆ ಬೇರೆ. ದಾನ ಮಾಡುವ ಅರಸನೇ ತನ್ನ ರಾಜ್ಯ ನಾಳೆ ಮತ್ತೊಬ್ಬರದಾಗಬಹುದೆಂದು ಒಪ್ಪಿಕೊಂಡು, ಆ ಮತ್ತೊಬ್ಬನಿಗೆ ಇಂದೇ ಕೈಮುಗಿಯುತ್ತಾನೆ. ಕಲ್ಲಿನ ಮೇಲ್ಭಾಗದಲ್ಲಿ ಶತ್ರುಗಳನ್ನು ನಿರ್ನಾಮಗೊಳಿಸಿದವನು ಕೆಳಭಾಗದಲ್ಲಿ ಮುಂಬರುವ ಶತ್ರುವನ್ನು ಬೇಡಿಕೊಳ್ಳುತ್ತಾನೆ. ಈ ಎರಡು ಧ್ವನಿಗಳ ನಡುವೆ ಎಲ್ಲೆಯ ವಿವರ ಬರುತ್ತದೆ: ಮೂಡಲಿಗೆ ಕೆರೆ, ತೆಂಕಲಿಗೆ ಹುತ್ತ, ಪಡುವಲಿಗೆ ಆಲದ ಮರ, ಬಡಗಲಿಗೆ ದಾರಿ; ಇಷ್ಟು ಮತ್ತರು ಎರೆ, ಇಷ್ಟು ಕಮ್ಮ ತೋಂಟ. ರಾಜ್ಯದ ಎಲ್ಲೆ ವರ್ಷಕ್ಕೊಮ್ಮೆ ಸರಿಯುತ್ತಿದ್ದ ನಾಡಿನಲ್ಲಿ ಹೊಲದ ಎಲ್ಲೆಯನ್ನು ಇಷ್ಟು ನಿಖರವಾಗಿ ಕಲ್ಲಿನಲ್ಲಿ ನಿಲ್ಲಿಸಿದುದೇ ಯುದ್ಧಕ್ಕೆ ಕೊಟ್ಟ ಉತ್ತರವೆಂದು ನಾವು ತಿಳಿಯುತ್ತೇವೆ.

೭

ಈ ವಾದಕ್ಕೆ ಎರಡು ಆಕ್ಷೇಪಗಳು ಬರಬಹುದು. ಎರಡೂ ಗಂಭೀರವಾದವು.

ಮೊದಲನೆಯದು, ಶಾಸನವು ಬೇಸಾಯಗಾರನ ಧ್ವನಿಯಲ್ಲ ಎಂಬುದು. ಇದು ನಿಜ. ದಾನಿ ಮಂಡಲೇಶ್ವರ, ಪ್ರತಿಗ್ರಹಿ ಆಚಾರ್ಯ, ಬರೆದವನು ಪಂಡಿತ. ಒಕ್ಕಲು ತೆರಿಗೆಯ ಲೆಕ್ಕದಲ್ಲಿ ಮಾತ್ರ ಇಣುಕುತ್ತಾನೆ. ಹೊಟ್ಟೂರಿನ ಪಟ್ಟಿಯಲ್ಲಿ ಹೆಂಗಸರು, ಮಕ್ಕಳು, ಬ್ರಾಹ್ಮಣರು ಇದ್ದಾರೆ. ಉಳುವವನಿಗೆ ಪ್ರತ್ಯೇಕ ಹೆಸರಿಲ್ಲ. ಪೆಣ್ಬುಯ್ಯಲಿನಲ್ಲಿ ಹೆಣ್ಣಿನ ಕೂಗು ಕೇಳಿಸುತ್ತದೆ, ಅವಳ ಮಾತು ಕೇಳಿಸುವುದಿಲ್ಲ. ಆದುದರಿಂದ ಶಾಸನಸಾಹಿತ್ಯವನ್ನು ಜನರ ಸಾಹಿತ್ಯವೆಂದು ಕೊಂಡಾಡುವುದು ಇನ್ನೊಂದು ಅತಿರೇಕವಾದೀತು. ಅದು ಭೂಮಿಯ ಹಕ್ಕನ್ನು ಪಡೆದವರ ಸಾಹಿತ್ಯ. ಆದರೂ ಅವರ ಹಿತವು ಬೆಳೆಯ ಮೇಲೆ ನಿಂತಿದ್ದುದರಿಂದ ಅವರ ಬರವಣಿಗೆ ಹೊಲವನ್ನು ಮರೆಯಲಾರದಾಯಿತು. ಕಾವ್ಯಕ್ಕೆ ಆ ನಿರ್ಬಂಧ ಇರಲಿಲ್ಲ.

ಎರಡನೆಯದು, ಈ ಶಾಸನಗಳು ಒಂದು ಪಕ್ಷದ ದೂರುಗಳೆಂಬುದು. ಇದೂ ನಿಜ, ಮತ್ತು ಇದನ್ನು ಕಡೆಗಣಿಸಿದರೆ ಅಪಾಯವಿದೆ. ಹೊಟ್ಟೂರು, ಗಾವರವಾಡಗಳ ವಾಕ್ಯಗಳನ್ನು ಎತ್ತಿಕೊಂಡು ಕನ್ನಡಿಗರಿಗೂ ತಮಿಳರಿಗೂ ಹಿಂದಿನಿಂದ ಬಂದ ಹಗೆಯೆಂದು ಇಂದು ವಾದಿಸುವವರಿದ್ದಾರೆ. ಅಂತಹವರು ಬಿಲ್ಹಣನ 'ವಿಕ್ರಮಾಂಕದೇವಚರಿತ'ವನ್ನೂ ತೆರೆದು ನೋಡಬೇಕು. ಅಲ್ಲಿ ಒಂದನೆಯ ಸೋಮೇಶ್ವರನು ಮಾಳವದ ಧಾರೆಯನ್ನು ಹಿಡಿದುದು ಕೀರ್ತಿಯ ಸಂಗತಿ. ಧಾರೆಯ ಸುತ್ತಣ ಹೊಲಗಳಿಗೆ ಏನಾಯಿತೆಂದು ಚಾಲುಕ್ಯರ ಕವಿ ಕೇಳಲಿಲ್ಲ. ರಾಜಾಧಿರಾಜನು ಕಲ್ಯಾಣವನ್ನು ಸುಟ್ಟು ಅಲ್ಲಿಂದ ತಂದ ದ್ವಾರಪಾಲಕನ ವಿಗ್ರಹದ ಮೇಲೆ ಆ ವಿಷಯವನ್ನು ಹೆಮ್ಮೆಯಿಂದ ಬರೆಯಿಸಿದನು. ದಾರಾಸುರದಲ್ಲಿ ದೊರೆತ ಆ ವಿಗ್ರಹದ ಬರಹಕ್ಕೂ ಬಿಲ್ಹಣನ ಶ್ಲೋಕಗಳಿಗೂ ಮನೋಧರ್ಮದಲ್ಲಿ ಅಂತರವಿಲ್ಲ. ದಾಳಿ ಮಾಡಿದವರ ಬರವಣಿಗೆ ಎಲ್ಲ ಭಾಷೆಗಳಲ್ಲಿಯೂ ಒಂದೇ ರೀತಿ ಇದೆ. ದಾಳಿಗೆ ಒಳಗಾದ ನಾಡಿನ ಬರವಣಿಗೆಯೂ ಹಾಗೆಯೇ.

ಇದಕ್ಕೆ ಮತ್ತೆ ವಿದರ್ಭದಲ್ಲಿಯೇ ಪುರಾವೆ ದೊರೆಯುತ್ತದೆ. ಯವತ್ಮಾಳ ಜಿಲ್ಲೆಯ ಡೋಂಗರಗಾಂವದ ಶಕ ೧೦೩೪ರ (ಕ್ರಿ.ಶ. ೧೧೧೨) ಶಾಸನವನ್ನು ನಾಗಪುರದ ವಿದ್ವಾಂಸರಾದ ವಾಸುದೇವ ವಿಷ್ಣು ಮಿರಾಶಿಯವರು ಸಂಪಾದಿಸಿದರು. ಇದು ಪರಮಾರ ಉದಯಾದಿತ್ಯನ ಮಗ ಜಗದ್ದೇವನ ಕಾಲದ್ದು. ಮೂವರು ಶತ್ರುಗಳ ದಾಳಿಯಲ್ಲಿ ಮುಳುಗಿಹೋಗಿದ್ದ ಮಾಳವವನ್ನು ಉದಯಾದಿತ್ಯನು ಮೇಲೆತ್ತಿದನೆಂದು ಅದು ಹೇಳುತ್ತದೆ. ಈ ಜಗದ್ದೇವನು ಆಶ್ರಯ ಪಡೆದಿದ್ದುದು ಕುಂತಲದ ಚಾಲುಕ್ಯನಲ್ಲಿ. ಮುಳುಗಿದ ನಾಡಿನ ನೆನಪು ಹಳೆಯ ಎದುರಾಳಿಯ ಸೇವೆಯಲ್ಲಿದ್ದವನ ಕಲ್ಲಿನಲ್ಲಿ ಉಳಿದಿದೆ, ಮತ್ತು ಆ ಕಲ್ಲೂ ಒಂದು ಹಳ್ಳಿಯನ್ನು ಬ್ರಾಹ್ಮಣನೊಬ್ಬನಿಗೆ ಬಿಟ್ಟ ವಿಷಯವನ್ನೇ ಕೊನೆಗೆ ಹೇಳುತ್ತದೆ. ಮಾಳವದ 'ಮೇಲೆತ್ತಿದುದು', ಅಣ್ಣಿಗೇರಿಯ 'ಎತ್ತಿ ನಿಲ್ಲಿಸಿದುದು', ಇವೆರಡೂ ಒಂದೇ ಜಾತಿಯ ಕ್ರಿಯಾಪದಗಳು.

೮

ಮೇಲಿನ ಪರಿಶೀಲನೆಯಿಂದ ಹೊರಡುವ ಕೆಲಸಗಳನ್ನು ಸೂಚಿಸಿ ಲೇಖನವನ್ನು ಮುಗಿಸಬಹುದು. ನಮ್ಮ ಶಾಸನಪದ್ಯ ಸಂಕಲನಗಳು ಪ್ರಶಸ್ತಿಯನ್ನೂ ವೀರಸ್ತುತಿಯನ್ನೂ ಆಯ್ದುಕೊಂಡು ಎಲ್ಲೆಯ ವಿವರ, ಅಳತೆ, ಶಾಪಾಶಯಗಳನ್ನು ಗದ್ಯಭಾಗವೆಂದು ಬಿಟ್ಟುಬಿಡುತ್ತವೆ. ಇದರಿಂದ ಶಾಸನವು ಕಾವ್ಯದ ತುಣುಕಾಗಿ ಕಾಣುತ್ತದೆಯೇ ಹೊರತು ತನ್ನದೇ ಬಂಧವುಳ್ಳ ಕೃತಿಯಾಗಿ ಕಾಣುವುದಿಲ್ಲ. ಒಂದು ಶಾಸನವನ್ನು ಪ್ರಶಸ್ತಿಯಿಂದ ಶಾಪದವರೆಗೆ ಇಡಿಯಾಗಿ ಓದಿ ಅದರ ರಚನೆಯನ್ನು ವಿವೇಚಿಸುವ ಕ್ರಮವು ಸಾಹಿತ್ಯ ತರಗತಿಗಳಲ್ಲಿ ಬಳಕೆಗೆ ಬರಬೇಕು. ಹೊಟ್ಟೂರನ್ನು ತಂಜಾವೂರಿನೊಡನೆಯೂ, ಸೀತಾಬರ್ಡಿಯನ್ನು ನಾಗಪುರ ಪ್ರಶಸ್ತಿಯೊಡನೆಯೂ ಇಟ್ಟು ಓದುವ ತೌಲನಿಕ ಅಧ್ಯಯನವೂ ಇಷ್ಟೇ ಅಗತ್ಯ.

ಈ ಎರಡನೆಯ ಕೆಲಸಕ್ಕೆ ಕರ್ನಾಟಕದ ಹೊರಗಿರುವ ಸಂಶೋಧಕರಿಗೆ ವಿಶೇಷ ಅನುಕೂಲವಿದೆ. ನಾಗಪುರ, ಸೊಲ್ಲಾಪುರ, ಹೈದರಾಬಾದು, ಚೆನ್ನೈಗಳಲ್ಲಿ ನೆಲೆಸಿದ ಕನ್ನಡ ವಿದ್ಯಾರ್ಥಿಗೆ ಎದುರು ಪಕ್ಷದ ಕಲ್ಲು ಮನೆಯ ಹತ್ತಿರವೇ ಇದೆ, ಅದರ ಭಾಷೆಯೂ ನೆರೆಹೊರೆಯ ಭಾಷೆ. ರಾಜ್ಯದೊಳಗೆ ಕುಳಿತವನು ಹೊಟ್ಟೂರನ್ನು ಓದಿ ಸಿಟ್ಟಾಗುವುದು ಸುಲಭ. ಅದೇ ಯುದ್ಧದ ಚಿನ್ನದ ಹೂಗಳ ಪಟ್ಟಿಯನ್ನೂ ಓದಿದವನು ಸಿಟ್ಟಿಗಿಂತ ಮುಂದಕ್ಕೆ ಹೋಗಿ, ಆ ಹೂವಿಗೆ ಬಂದ ಚಿನ್ನ ಯಾವ ಊರುಗಳದಾಗಿತ್ತು, ಆ ಊರುಗಳಲ್ಲಿ ಮುಂದಿನ ಮಳೆಗೆ ಬಿತ್ತಲು ಬೀಜ ಉಳಿದಿತ್ತೇ ಎಂದು ಕೇಳುವನು. ಬೆಳ್ವೊಲದ ಕಲ್ಲುಗಳು ಈ ಪ್ರಶ್ನೆಗೆ ಪೂರ್ತಿ ಉತ್ತರ ಕೊಡಲಾರವು. ಆದರೆ ಅದನ್ನು ಕೇಳುವ ಅವಕಾಶವನ್ನು ಕನ್ನಡದ ಯುದ್ಧಕಾವ್ಯಗಳಿಗಿಂತ ಹೆಚ್ಚಾಗಿ ಅವು ತೆರೆದಿಟ್ಟಿವೆ.